ಮಾಯಾಜಾಲದ ವಿಠಲಾಚಾರ್ಯರು

ವಿಶಾಖಪಟ್ಟಣ, ವಿಜಯವಾಡದ ಹಿರಿಯರನ್ನು ಕೇಳಿ ನೋಡಿ. ದೆವ್ವದ ಸಿನಿಮಾ ಎಂದರೆ ವಿಠಲಾಚಾರ್ಯರದ್ದೇ ಅನ್ನುತ್ತಾರೆ. ಅವರು ನಮ್ಮವರು, ಕನ್ನಡಿಗರು! 1920ರಲ್ಲಿ ಉಡುಪಿಯ ಉದ್ಯಾವರದಲ್ಲಿ ಹುಟ್ಟಿ, ಅರಸೀಕೆರೆಯಲ್ಲಿ ಹೋಟೆಲ್ ನಡೆಸಿ, ಟೂರಿಂಗ್ ಟಾಕೀಸ್‌ಗೆ ಕೈಹಾಕಿದರು. ಮೈಸೂರಿನಲ್ಲಿ ಶಂಕರಸಿಂಗ್ ಜೊತೆ ಮಹಾತ್ಮ ಪಿಕ್ಚರ್ಸ್ ಕಟ್ಟಿ, 1951ರಲ್ಲಿ ಕನ್ನಡದ ‘ಜಗನ್ಮೋಹಿನಿ’ಯನ್ನು ತೆರೆಗೆ ತಂದರು. ಆಮೇಲೆ ಮದರಾಸು, ತೆಲುಗು ಚಿತ್ರರಂಗ.

ಕಂಪ್ಯೂಟರ್ ಇಲ್ಲದ ಕಾಲವದು. ಕ್ಯಾಮೆರಾ ನಿಲ್ಲಿಸಿ, ಮನುಷ್ಯನನ್ನು ಸರಿಸಿ, ಅದೇ ಜಾಗದಲ್ಲಿ ಗಿಳಿಯನ್ನಿಟ್ಟು ಮತ್ತೆ ಓಡಿಸಿದರೆ ಶಾಪ ಫಲಿಸಿದಂತೆ! ಎನ್‌ಟಿಆರ್ ನಾಯಕರಾದರೂ ಖರ್ಚು ಹಿಡಿತದಲ್ಲೇ ಇರುತ್ತಿತ್ತು. 1978ರಲ್ಲಿ ‘ಜಗನ್ಮೋಹಿನಿ’ಯನ್ನೇ ತೆಲುಗಿನಲ್ಲಿ ತೆಗೆದರು. ಅದರಲ್ಲಿ ದೆವ್ವ ತನ್ನ ಕಾಲನ್ನೇ ಸೌದೆಯಾಗಿ ಒಲೆಗಿಟ್ಟು ಅಡುಗೆ ಮಾಡುತ್ತದೆ. ಒಲೆ ಊದಿದ ನಮ್ಮ ಅಜ್ಜಿಯರಿಗೆ ಅದು ಮರೆಯುವುದುಂಟೆ?

ತೆಲುಗರು ಅವರನ್ನು ‘ಜಾನಪದ ಬ್ರಹ್ಮ’ ಎಂದೇ ಕರೆದರು. 1999ರಲ್ಲಿ ತೀರಿಕೊಂಡರು.