ವಾಗ್ಮಿಗಳ ಗುರು ಕ್ವಿಂಟಿಲಿಯನ್

ಉತ್ಸವದ ದಿನಗಳಲ್ಲಿ ಉಪನ್ಯಾಸಗಳನ್ನಾಲಿಸುವ ನಾವು, ವಿಷಯವೊಂದೇ ಆದರೂ ಒಬ್ಬರ ಮಾತು ಮನೆಯವರೆಗೆ ನಮ್ಮೊಡನೆ ಬರುವುದನ್ನೂ ಇನ್ನೊಬ್ಬರ ಮಾತು ಮಂಟಪದಲ್ಲಿಯೇ ಉಳಿದುಬಿಡುವುದನ್ನೂ ಕಂಡಿದ್ದೇವೆ. ಈ ಭೇದದ ಕಾರಣವನ್ನು ಬಾಳೆಲ್ಲ ಚಿಂತಿಸಿದ ಗುರುವೊಬ್ಬನು ಪ್ರಾಚೀನ ರೋಮಿನಲ್ಲಿದ್ದನು. ಅವನೇ ಕ್ವಿಂಟಿಲಿಯನ್.

ಕ್ರಿ. ಶ. 35ರ ಸುಮಾರಿಗೆ ಸ್ಪೇನ್ ದೇಶದ ಕಲಗುರ್ರಿಸ್ ಎಂಬ ಊರಿನಲ್ಲಿ ಈತನು ಜನಿಸಿದನು. ರೋಮಿನಲ್ಲಿ ವ್ಯಾಸಂಗ ಮಾಡಿ ಸ್ವದೇಶಕ್ಕೆ ಮರಳಿದ್ದ ಇವನನ್ನು 68ರಲ್ಲಿ ಗಾಲ್ಬನು ಮತ್ತೆ ರೋಮಿಗೆ ಕರೆತಂದನು. ಚಕ್ರವರ್ತಿ ವೆಸ್ಪಾಸಿಯನ್ ವಾಕ್ಕಲೆಯ ಅಧ್ಯಾಪಕರಿಗೆ ಬೊಕ್ಕಸದಿಂದ ವರ್ಷಕ್ಕೆ 1,00,000 ಸೆಸ್ಟರ್ಸ್ ನಾಣ್ಯಗಳ ವೇತನವನ್ನು ಗೊತ್ತುಪಡಿಸಿದಾಗ ಅದಕ್ಕೆ ಪಾತ್ರನಾದವನು ಈತನು. ಇಪ್ಪತ್ತು ವರ್ಷ ಪಾಠ ಹೇಳಿದನು. ಪತ್ರಲೇಖಕನೆಂದು ಪ್ರಸಿದ್ಧನಾದ ಕಿರಿಯ ಪ್ಲಿನಿ ಇವನ ಶಿಷ್ಯನು.

ವೃತ್ತಿಯಿಂದ ನಿವೃತ್ತನಾದ ಮೇಲೆ ಮಿತ್ರರ ಒತ್ತಾಯಕ್ಕೆ ಮಣಿದು, ವಾಗ್ಮಿಯ ಶಿಕ್ಷಣವನ್ನು ಕುರಿತು 12 ಸಂಪುಟಗಳ ಗ್ರಂಥವನ್ನು ಆರಂಭಿಸಿದನು. ಅದು ಮೊದಲಾಗುವುದು ಸಭೆಯಿಂದಲ್ಲ, ತೊಟ್ಟಿಲಿನಿಂದ. ಮಗುವನ್ನು ಎತ್ತಿಕೊಳ್ಳುವ ದಾದಿಯ ಮಾತೂ ಶುದ್ಧವಾಗಿರಬೇಕು; ದಂತದ ಅಕ್ಷರಗಳನ್ನು ಕೊಟ್ಟು ಆಟದಲ್ಲಿಯೇ ಓದು ಕಲಿಸಬೇಕು. ಕಿರಿದಾದ ಬಾಯಿಯ ಪಾತ್ರೆಗೆ ನೀರನ್ನು ಒಮ್ಮೆಲೇ ಸುರಿದರೆ ಹೊರಗೆ ಚೆಲ್ಲುವುದು, ಮೆಲ್ಲನೆ ಎರೆದರೆ ತುಂಬುವುದು; ಬಾಲಕನ ಬುದ್ಧಿಯೂ ಹಾಗೆಯೇ ಎಂದು ಬಗೆದನು. ಹೊಡೆದು ಕಲಿಸುವ ರೂಢಿಯನ್ನು ಖಂಡಿಸಿದನು. ಪಾಠವನ್ನು ನಿತ್ಯವೂ ಗಮನಿಸುವ ಗುರುವಿಗೆ ಬೆತ್ತವೇ ಬೇಕಾಗದೆಂಬುದು ಅವನ ವಾದ. ಬೆತ್ತದ ಭಯದಲ್ಲಿ ಪಾಠ ಒಪ್ಪಿಸಿದ ನಮಗೆ ಈ ಭಾಗವು ವಿಶೇಷವಾಗಿ ಮನಸ್ಸಿಗೆ ತಾಗಿತು.

ಅವನ ಪತ್ನಿ ಹತ್ತೊಂಬತ್ತು ತುಂಬುವ ಮೊದಲೇ ತೀರಿಕೊಂಡಿದ್ದಳು. ಐದು ವರ್ಷ ದಾಟಿದ್ದ ಕಿರಿಯ ಮಗನೂ ಹೋಗಿದ್ದನು. ಉಳಿದ ಹಿರಿಯ ಮಗನಿಗೆ ಈ ಗ್ರಂಥವೇ ಪಿತ್ರಾರ್ಜಿತವಾಗಲೆಂದು ಬರೆಯುತ್ತಿರಲು, ಹತ್ತನೆಯ ವರ್ಷಕ್ಕೆ ಕಾಲಿಟ್ಟಿದ್ದ ಆ ಬಾಲಕನೂ ಎಂಟು ತಿಂಗಳು ನರಳಿ ಅಸುನೀಗಿದನು. ಪ್ರಜ್ಞೆ ತಪ್ಪಿದ ಕಡೆಯ ಹೊತ್ತಿನಲ್ಲಿಯೂ ಆ ಮಗು ಕನವರಿಸಿದ್ದು ಶಾಲೆಯನ್ನೂ ಪಾಠವನ್ನೂ ಕುರಿತೇ. ಆರನೆಯ ಸಂಪುಟದ ಮೊದಲಲ್ಲಿ ತಂದೆಯು ಈ ದುಃಖವನ್ನು ತೋಡಿಕೊಂಡಿದ್ದಾನೆ. ಆದರೆ ಲೇಖನಿಯನ್ನು ಕೆಳಗಿಡಲಿಲ್ಲ. ತನ್ನ ಮಗನಿಗೆ ಸಲ್ಲದ ಸ್ವತ್ತು ಪರರ ಮಕ್ಕಳಿಗಾದರೂ ಸಲ್ಲಲೆಂದು ಉಳಿದುದನ್ನೂ ಪೂರೈಸಿದನು.

ಹತ್ತನೆಯ ಸಂಪುಟದಲ್ಲಿ ಗ್ರೀಕ್ ಮತ್ತು ಲ್ಯಾಟಿನ್ ಕವಿಗಳನ್ನೂ ಗದ್ಯಕಾರರನ್ನೂ ಒಬ್ಬೊಬ್ಬರನ್ನಾಗಿ ತೂಗಿ ನೋಡಿದನು. ಹನ್ನೊಂದನೆಯದರಲ್ಲಿ ಧಾರಣಶಕ್ತಿ, ಧ್ವನಿ ಮತ್ತು ಹಸ್ತಾಭಿನಯಗಳನ್ನು ವಿವರಿಸಿದನು. ಕೊನೆಯ ಸಂಪುಟದ ಸಿದ್ಧಾಂತವು ಎಲ್ಲಕ್ಕೂ ಮುಕುಟಪ್ರಾಯವಾದುದು: ಸಜ್ಜನನಲ್ಲದವನು ಎಷ್ಟೇ ಚತುರನಾಗಿ ಮಾತನಾಡಿದರೂ ನಿಜವಾದ ವಾಗ್ಮಿಯಾಗಲಾರನು.

ಕಾಲಾಂತರದಲ್ಲಿ ಈ ಕೃತಿಯ ಖಂಡಿತ ಪ್ರತಿಗಳಷ್ಟೇ ವಿದ್ವಾಂಸರ ಕೈಯಲ್ಲುಳಿದವು. 1416ರಲ್ಲಿ ಪೊಜ್ಜೊ ಬ್ರಾಚ್ಚೊಲೀನಿ ಎಂಬ ಇಟಲಿಯ ವಿದ್ವಾಂಸನು ಸ್ವಿಟ್ಜರ್ಲೆಂಡಿನ ಸಂತ ಗಾಲ್ ಮಠದಲ್ಲಿ, ಧೂಳು ಹಿಡಿದು ಬಿದ್ದಿದ್ದ ಪೂರ್ಣ ಪ್ರತಿಯೊಂದನ್ನು ಕಂಡು, ಸ್ವಹಸ್ತದಿಂದ ನಕಲು ಮಾಡಿಕೊಂಡನು. ಅಲ್ಲಿಂದ ಮುಂದೆ ಯೂರೋಪಿನ ಶಾಲೆಗಳಿಗೆ ಅದು ಮಾರ್ಗದರ್ಶಿಯಾಯಿತು. ಮಗನನ್ನು ಉಳಿಸಿಕೊಳ್ಳಲಾರದ ತಂದೆಯು ಹೀಗೆ ಕಾಣದ ನಾಡುಗಳ ಮಕ್ಕಳಿಗೆಲ್ಲ ಗುರುವಾದನು.