ಟೆಂಪಲ್ ಗೋಪುರದ ಪುಟ್ಟ ಕೈದಿ

ಫ್ರಾನ್ಸಿನ ಕ್ರಾಂತಿ ಎಂದೊಡನೆ ನಿಮಗೆ ಬಾಸ್ಟೀಲ್ ಕೋಟೆಯ ಪತನ, 16ನೇ ಲೂಯಿಯ ಶಿರಚ್ಛೇದ ನೆನಪಾಗುತ್ತವೆ. ಆ ದೊರೆಗೆ ಒಬ್ಬ ಪುಟ್ಟ ಮಗನಿದ್ದ, ಅವನ ಗತಿ ಏನಾಯಿತು ಎಂಬುದು ಪರೀಕ್ಷೆಗೆ ಬರುವ ಪ್ರಶ್ನೆಯಲ್ಲ.

ಲೂಯಿ ಚಾರ್ಲ್ಸ್ 1785ರ ಮಾರ್ಚ್ 27ರಂದು ವರ್ಸೇಲ್ಸ್ ಅರಮನೆಯಲ್ಲಿ ಜನಿಸಿದ. 1788ರ ಆಗಸ್ಟ್‌ನಲ್ಲಿ ನಮ್ಮ ಟಿಪ್ಪು ಸುಲ್ತಾನರ ರಾಯಭಾರಿಗಳು ಇದೇ ಅರಮನೆಯಲ್ಲಿ ಅವನ ತಂದೆಯನ್ನು ಭೇಟಿಯಾದಾಗ ಇವನು ಮೂರು ವರ್ಷದ ಕೂಸು. ಮರುವರ್ಷ ಅಣ್ಣ ತೀರಿಕೊಂಡು ಇವನೇ ಯುವರಾಜನಾದ. ಅದೇ ವರ್ಷ ಕ್ರಾಂತಿಯೂ ಆರಂಭವಾಯಿತು.

1792ರ ಆಗಸ್ಟ್ 13ರಂದು ತಂದೆ, ತಾಯಿ ಮೇರಿ ಆಂಟೊನೆಟ್, ಅಕ್ಕ ಮತ್ತು ಸೋದರತ್ತೆಯ ಜೊತೆ ಬಾಲಕನನ್ನೂ ಪ್ಯಾರಿಸ್ಸಿನ ಟೆಂಪಲ್ ಎಂಬ ಹಳೆಯ ಕೋಟೆಯ ಗೋಪುರದಲ್ಲಿ ಬಂಧಿಸಲಾಯಿತು. ಅಲ್ಲಿ ತಂದೆಯೇ ಮಗನಿಗೆ ಲ್ಯಾಟಿನ್, ಭೂಗೋಳ ಕಲಿಸುತ್ತಿದ್ದರು. 1793ರ ಜನವರಿ 21ರಂದು ದೊರೆಯ ತಲೆ ಉರುಳಿತು. ಪಾಠವೂ ನಿಂತಿತು.

ಜುಲೈ 3ರ ರಾತ್ರಿ ಮಗುವನ್ನು ಒಯ್ಯಲು ಅಧಿಕಾರಿಗಳು ಬಂದರು. ತಾಯಿ ಸುಮಾರು ಒಂದು ಗಂಟೆ ಅವನನ್ನು ಬಿಟ್ಟುಕೊಡಲಿಲ್ಲವೆಂದು ಅಕ್ಕ ಮುಂದೆ ಬರೆದಿದ್ದಾಳೆ. ಅವನನ್ನು ಆಂತ್ವಾನ್ ಸಿಮೋನ್ ಎಂಬ ಬೂಟು ಹೊಲಿಯುವವನ ವಶಕ್ಕೆ ಒಪ್ಪಿಸಲಾಯಿತು. ಅವನ ಕಸುಬನ್ನು ಹಳಿಯುವವರೇ ಹೆಚ್ಚು; ಕಸುಬಿನಲ್ಲಿ ಏನು ತಪ್ಪಿದೆ? ಮಗುವಿನ ಮನಸ್ಸಿನಿಂದ ತಂದೆತಾಯಿಯನ್ನೇ ಅಳಿಸಿಹಾಕಬೇಕೆಂದು ಬಯಸಿದವರು ಓದು ಬಲ್ಲ ದೊಡ್ಡವರು. ಅಕ್ಟೋಬರ್ 6ರಂದು ಅವರು ತಾಯಿಯ ಮೇಲೆ ಹೇಳಬಾರದ ಆರೋಪ ಹೊರಿಸಿದ ಹೇಳಿಕೆಗೆ ಎಂಟು ವರ್ಷದ ಆ ಬಾಲಕನಿಂದ ಸಹಿ ಹಾಕಿಸಿಕೊಂಡರು. ಅದನ್ನು ವಿಚಾರಣೆಯಲ್ಲಿ ಬಳಸಿಕೊಂಡರು. 16ರಂದು ತಾಯಿಯನ್ನೂ ಗಿಲೊಟಿನ್ನಿಗೆ ಏರಿಸಿದರು. ಇದೇ ಜನ ನಾಲ್ಕು ವರ್ಷಗಳ ಹಿಂದೆ ಮಾನವ ಹಕ್ಕುಗಳ ಘೋಷಣೆ ಕೇಳಿ ಸಂಭ್ರಮಿಸಿದ್ದರು, ನೋಡಿ.

1794ರ ಜನವರಿಯಲ್ಲಿ ಸಿಮೋನ್ ಹೊರಟುಹೋದ. ಮುಂದಿನ ಆರು ತಿಂಗಳು ಬಾಲಕ ಕೊಳಕು ಕೋಣೆಯಲ್ಲಿ ಒಂಟಿ. ಅಕ್ಕ ಅದೇ ಗೋಪುರದಲ್ಲಿದ್ದರೂ ಭೇಟಿಗೆ ಅವಕಾಶವಿರಲಿಲ್ಲ. ರಾಬೆಸ್ಪಿಯರ್‌ನ ಪತನದ ನಂತರ ಬಾರಾಸ್ ಎಂಬ ನಾಯಕ ಬಂದು ನೋಡಿದಾಗ ಮಗುವಿನ ಕಾಲುಗಳು ಬಾತು ನಡೆಯಲಾಗದ ಸ್ಥಿತಿ. ಆರೈಕೆ ಶುರುವಾಯಿತು, ಆದರೆ ತಡವಾಗಿತ್ತು. 1795ರ ಜೂನ್ 8ರಂದು, ಹತ್ತನೇ ವಯಸ್ಸಿನಲ್ಲಿ, ಅವನು ಕ್ಷಯದಿಂದ ಸತ್ತ.

ಶವ ಪರೀಕ್ಷಿಸಿದ ವೈದ್ಯ ಪೆಲ್ಲೆಟಾನ್ ಅವನ ಹೃದಯವನ್ನು ಗುಟ್ಟಾಗಿ ತೆಗೆದಿಟ್ಟುಕೊಂಡರು. ಮುಂದೆ ತಾನೇ ಆ ರಾಜಕುಮಾರನೆಂದು ಹೇಳಿಕೊಂಡು ಬಂದವರು ನೂರಕ್ಕೂ ಹೆಚ್ಚು ಮಂದಿ! 2000ನೇ ಇಸವಿಯಲ್ಲಿ ಆ ಹೃದಯದ ಡಿಎನ್‌ಎಯನ್ನು ಮೇರಿ ಆಂಟೊನೆಟ್‌ಳ ಕೂದಲಿನೊಂದಿಗೆ ಹೋಲಿಸಿ ನೋಡಿದಾಗ ಹೊಂದಿಕೆಯಾಯಿತು. 2004ರ ಜೂನ್ 8ರಂದು ಅದನ್ನು ಸೇಂಟ್ ಡೆನಿಸ್ ಚರ್ಚಿನಲ್ಲಿ, ತಂದೆತಾಯಿಯ ಸಮಾಧಿಗಳಿರುವಲ್ಲಿ, ಇರಿಸಲಾಯಿತು.