ಸಾಗರದ ಪಾಲಾಯಿತು ಸೈಕ್ಲೋಟ್ರಾನ್

1945ರ ನವೆಂಬರ್‌ನಲ್ಲಿ ಟೋಕಿಯೊದ ರಿಕೆನ್ ಸಂಶೋಧನಾ ಸಂಸ್ಥೆಗೆ ಬಂದ ಅಮೆರಿಕದ ಸೈನಿಕರು ಅಲ್ಲಿದ್ದ ಎರಡು ಸೈಕ್ಲೋಟ್ರಾನ್ ಯಂತ್ರಗಳನ್ನು ಕತ್ತರಿಸಿ, ಟೋಕಿಯೊ ಕೊಲ್ಲಿಯಲ್ಲಿ ಮುಳುಗಿಸಿದರು. ಅವುಗಳ ನಿರ್ಮಾತೃ ಯೋಶಿಯೊ ನಿಶಿನಾ ಅವರ ವಿನಂತಿ ಫಲಿಸಲಿಲ್ಲ. ಜೀವವಿಜ್ಞಾನ ಹಾಗೂ ವೈದ್ಯಕೀಯ ಸಂಶೋಧನೆಗೆ ಯಂತ್ರವನ್ನು ಬಳಸಲು ಅದೇ ಸೇನಾಡಳಿತ ಮೊದಲು ನೀಡಿದ್ದ ಅನುಮತಿ ಕೆಲವೇ ವಾರಗಳಲ್ಲಿ ರದ್ದಾಗಿತ್ತು. ಅಮೆರಿಕದ ವಿಜ್ಞಾನಿಗಳೇ ಪ್ರತಿಭಟಿಸಿದ ಬಳಿಕ ಅಲ್ಲಿನ ಯುದ್ಧ ಇಲಾಖೆ ತಪ್ಪೊಪ್ಪಿಕೊಂಡಿತು. ಅಷ್ಟರಲ್ಲಿ ಕಾಲ ಮೀರಿತ್ತು.

ಒಕಾಯಾಮಾ ಪ್ರಾಂತದ ಸತೋಶೋದಲ್ಲಿ 1890ರಲ್ಲಿ ಜನಿಸಿದ ನಿಶಿನಾ, ಟೋಕಿಯೊ ವಿಶ್ವವಿದ್ಯಾಲಯದಲ್ಲಿ ಓದಿದ್ದು ವಿದ್ಯುತ್ ಎಂಜಿನಿಯರಿಂಗ್. 1921ರಲ್ಲಿ ಯುರೋಪಿಗೆ ತೆರಳಿದವರು ಕೇಂಬ್ರಿಡ್ಜ್‌ನಿಂದ ಕೋಪನ್‌ಹೇಗನ್‌ವರೆಗೆ ಅಲೆದು, ನೀಲ್ಸ್ ಬೋರ್ ಅವರ ಬಳಿ ಐದು ವರ್ಷ ಉಳಿದರು. ಓಸ್ಕರ್ ಕ್ಲೈನ್ ಜತೆಗೂಡಿ 1928ರಲ್ಲಿ ಅವರು ರೂಪಿಸಿದ ಕ್ಲೈನ್-ನಿಶಿನಾ ಸೂತ್ರ, ಇಲೆಕ್ಟ್ರಾನ್‌ಗಳಿಗೆ ತಾಗಿದ ಗಾಮಾ ಕಿರಣಗಳು ಹೇಗೆ ಚದುರುತ್ತವೆ ಎಂಬುದನ್ನು ಲೆಕ್ಕ ಹಾಕುತ್ತದೆ. ಕ್ಯಾನ್ಸರ್‌ನ ವಿಕಿರಣ ಚಿಕಿತ್ಸೆಯ ಲೆಕ್ಕಾಚಾರದಲ್ಲಿ ಇಂದಿಗೂ ಅದು ಬಳಕೆಯಲ್ಲಿದೆ.

ಸ್ವದೇಶಕ್ಕೆ ಮರಳಿದ ಅವರು 1931ರಲ್ಲಿ ರಿಕೆನ್‌ನಲ್ಲಿ ಸ್ವಂತ ಪ್ರಯೋಗಾಲಯ ತೆರೆದರು. ಮುಂದೆ ನೊಬೆಲ್ ಗಳಿಸಿದ ಟೊಮೊನಾಗ ಪಳಗಿದ್ದು ಅಲ್ಲಿಯೇ. 1937ರಲ್ಲಿ ಮೊದಲ ಸೈಕ್ಲೋಟ್ರಾನ್ ಚಾಲನೆಗೊಂಡಿತು. ಸುಮಾರು 200 ಟನ್ ಅಯಸ್ಕಾಂತವುಳ್ಳ ದೊಡ್ಡ ಯಂತ್ರ ಸಿದ್ಧವಾಗುವ ವೇಳೆಗೆ ದೇಶ ಮಹಾಯುದ್ಧದಲ್ಲಿ ಮುಳುಗಿತ್ತು.

ಇಲ್ಲಿಂದ ಮುಂದಿನ ಅಧ್ಯಾಯ ಇರಿಸುಮುರಿಸಿನದು. ಸೇನೆಯ ಬಾಂಬ್ ಸಂಶೋಧನೆಗೆ ನಿಶಿನಾ ಅವರೇ ಮುಖ್ಯಸ್ಥರಾದರು. ಯುವ ವಿಜ್ಞಾನಿಗಳನ್ನು ರಣರಂಗದಿಂದ ಉಳಿಸಲು ಒಪ್ಪಿದರೆಂಬ ಮಾತಿದೆಯಾದರೂ ಅದನ್ನು ಪೂರ್ಣವಾಗಿ ನಂಬುವುದು ಕಷ್ಟ. ಯುರೇನಿಯಂ ಬೇರ್ಪಡಿಸುವ ಕೆಲಸ ಬಹುದೂರ ಸಾಗಲಿಲ್ಲ. 1945ರ ಏಪ್ರಿಲ್‌ನ ಬಾಂಬ್ ದಾಳಿಯಲ್ಲಿ ಉಪಕರಣಗಳೂ ಸುಟ್ಟವು. ಆಗಸ್ಟ್ 8ರಂದು ಹಿರೋಶಿಮಾಕ್ಕೆ ಹೋಗಿ, ಬಿದ್ದದ್ದು ಪರಮಾಣು ಬಾಂಬೇ ಎಂದು ದೃಢಪಡಿಸುವ ಹೊಣೆಯೂ ಅವರ ಹೆಗಲಿಗೇ ಬಿತ್ತು.

ಯುದ್ಧಾನಂತರ ರಿಕೆನ್ ವಿಸರ್ಜನೆಗೊಂಡು, 1948ರಲ್ಲಿ ಕಂಪನಿಯಾಗಿ ಮರುಹುಟ್ಟು ಪಡೆಯಿತು. ಅದರ ಮೊದಲ ಅಧ್ಯಕ್ಷರು ನಿಶಿನಾ. ಸಂಶೋಧಕರ ಸಂಬಳಕ್ಕೂ ಹಣವಿಲ್ಲದ ಆ ದಿನಗಳಲ್ಲಿ ಸಂಸ್ಥೆಗೆ ಆಸರೆಯಾದದ್ದು ಪೆನಿಸಿಲಿನ್ ತಯಾರಿಕೆ. ಪರಮಾಣು ವಿಜ್ಞಾನಿ ಔಷಧ ಉದ್ಯಮಿಯಾಗಿ, ಸಾಲಕ್ಕಾಗಿ ಅಲೆದರು. ಆ ದುಡಿಮೆಯ ನಡುವೆಯೇ ಯಕೃತ್ತಿನ ಕ್ಯಾನ್ಸರ್‌ಗೆ ತುತ್ತಾಗಿ 1951ರ ಜನವರಿ 10ರಂದು ನಿಧನರಾದರು. ರಿಕೆನ್ ಹೊಸ ಸೈಕ್ಲೋಟ್ರಾನ್ ಕಟ್ಟಿದ್ದು ಅವರ ಮರಣದ ಮರುವರ್ಷ.